ಗಲ್ಲಾ ಮುಂದಿನ ಮಾತು: ಒಂದು ತಾಟಿಗೆ ಉಳಿಯುವುದೆಷ್ಟು?

ಕಲಬುರಗಿಯ ಸೂಪರ್ ಮಾರ್ಕೆಟ್ ಹಿಂದಿನ ಓಣಿಯಲ್ಲಿ 24 ವರ್ಷ ಖಾನಾವಳಿ ನಡೆಸಿದ ಅಕ್ಕ ಓದುಗರ ಪ್ರಶ್ನೆಗಳಿಗೆ ಉತ್ತರಿಸುತ್ತಾರೆ. ಪತ್ರ ಬರೆದವರ ಹೆಸರು ಹಾಕುವುದಿಲ್ಲ, ಊರು ಮಾತ್ರ.

ಈ ಸಲದ ಕಟ್ಟಿನಲ್ಲಿ ಎಣ್ಣಿಗಾಯಿ ಮಾಡುವುದು ಹೇಗೆ ಅಂತ ಕೇಳಿದ ಪತ್ರ ಒಂದೂ ಇಲ್ಲ. ಎಲ್ಲ ರೊಕ್ಕದ ಪ್ರಶ್ನೆಗಳೇ. ನನಗೂ ಅದೇ ಬೇಕಿತ್ತು ಅನ್ನಿ. ಅಡುಗೆ ನಮ್ಮ ಅಡುಗೆಯವರಿಗೆ ಗೊತ್ತು, ನನಗೆ ಗೊತ್ತಿರುವುದು ಗಲ್ಲಾ. ಈಗ ಅಲ್ಲಿ ಸೊಸೆ ಕೂರುತ್ತಾಳೆ. ನಾನು ಪಕ್ಕದ ಸ್ಟೂಲಿನ ಮೇಲೆ ಹಳೇ ವಹಿ ಹಿಡಿದುಕೊಂಡು ಕೂತಿರುತ್ತೇನೆ. ಕೆಳಗಿನ ಉತ್ತರಗಳಲ್ಲಿ ಅರ್ಧ ಆ ವಹಿಯಿಂದ ಬಂದದ್ದು.

ದೇಶದಲ್ಲಿ ಹೋಟೆಲ್ ಉದ್ಯಮ ಭಾರಿ ಬೆಳೆಯುತ್ತಿದೆ ಎಂದು ಪೇಪರ್‌ನಲ್ಲಿ ಓದಿದೆ. ನಮ್ಮೂರಲ್ಲಿ ನೋಡಿದರೆ ನಾನು 30 ವರ್ಷ ಚಹಾ ಕುಡಿದ ಎರಡು ಹೋಟೆಲ್‌ಗಳು ಮುಚ್ಚಿವೆ. ಯಾವುದು ಖರೆ? (ನಿವೃತ್ತ ಮಾಸ್ತರು, ಶಹಾಬಾದ್)

ಎರಡೂ ಖರೆ, ಮಾಸ್ತರೇ. ರಾಷ್ಟ್ರೀಯ ರೆಸ್ಟೋರೆಂಟ್ ಸಂಘದ 2024ರ ವರದಿ ಪ್ರಕಾರ ದೇಶದ ಈ ವ್ಯಾಪಾರ ವರ್ಷಕ್ಕೆ 5.69 ಲಕ್ಷ ಕೋಟಿ ರೂಪಾಯಿಯದು. 2028ಕ್ಕೆ 7.76 ಲಕ್ಷ ಕೋಟಿ ಆಗುತ್ತದೆ ಅಂತ ಅವರ ಅಂದಾಜು. 85 ಲಕ್ಷ ಜನ ಇದರಲ್ಲಿ ದುಡಿಯುತ್ತಾರೆ. ಕೇಳಲಿಕ್ಕೆ ಚೆಂದ. ಆದರೆ ಅದೇ ವರದಿಯಲ್ಲಿ ಇನ್ನೊಂದು ಲೆಕ್ಕ ಇದೆ. ನಮ್ಮಂಥ ಸಣ್ಣ, ಹೆಸರಿಲ್ಲದ ಹೋಟೆಲ್‌ಗಳ ಪಾಲು ಆಗ ನೂರಕ್ಕೆ 56. 2028ಕ್ಕೆ 47ಕ್ಕೆ ಇಳಿಯುತ್ತದಂತೆ. ರೊಟ್ಟಿ ದೊಡ್ಡದಾಗುತ್ತಿದೆ, ನಮ್ಮ ತುಣುಕು ಸಣ್ಣದಾಗುತ್ತಿದೆ.

ಕೊರೊನಾ ಸಣ್ಣವರ ಬೆನ್ನು ಮುರಿಯಿತು. ದೇಶದ ಮೊದಲ ಕೊರೊನಾ ಸಾವು 2020ರ ಮಾರ್ಚ್‌ನಲ್ಲಿ ನಮ್ಮ ಕಲಬುರಗಿಯದೇ. ಹಾಗಾಗಿ ದೇಶಕ್ಕೆಲ್ಲ ಬೀಗ ಬೀಳುವ ಮೊದಲೇ ನಮ್ಮ ಶಟರ್ ಇಳಿದಿತ್ತು. ಜೂನ್ 8ರವರೆಗೆ ಒಬ್ಬ ಗಿರಾಕಿಯೂ ಒಳಗೆ ಕೂತು ಉಣ್ಣಲಿಲ್ಲ. ನನ್ನ ವಹಿಯಲ್ಲಿ ಆ ದಿನಗಳ ಹಾಳೆಗಳಲ್ಲಿ ಜಮಾ ಕಡೆ ಏನೂ ಇಲ್ಲ, ಖರ್ಚಿನ ಕಡೆ ಬಾಡಿಗೆ ಮಾತ್ರ. 4.23 ಲಕ್ಷ ಕೋಟಿಯ ವ್ಯಾಪಾರ ಒಂದೇ ವರ್ಷದಲ್ಲಿ 2 ಲಕ್ಷ ಕೋಟಿಗೆ ಬಿತ್ತು ಎಂದು ಸಂಘದವರು ಆಮೇಲೆ ಹೇಳಿದರು. ದೊಡ್ಡವರು ಸಾಲ ತಂದು ಎದ್ದರು. ನಮ್ಮ ಅಡುಗೆಯವನು ಯಾದಗಿರಿ ಕಡೆಯ ಹಳ್ಳಿಗೆ ಹೋದವನು ತಿರುಗಿ ಬರಲೇ ಇಲ್ಲ. ಈಗ ಪುಣೆಯಲ್ಲಿ ಗೌಂಡಿ ಕೆಲಸ ಮಾಡುತ್ತಾನೆ. ಒಲೆಯ ಬಿಸಿಗಿಂತ ಬಿಸಿಲೇ ವಾಸಿ ಅಂತಾನೆ. ನೀವು ಚಹಾ ಕುಡಿಯುತ್ತಿದ್ದ ಹೋಟೆಲ್‌ಗಳಲ್ಲೂ ಇಂಥದ್ದೇ ಏನೋ ಆಗಿರಬೇಕು.

ತೊಗರಿ ಕಣಜ ಅಂತ ಎದೆ ತಟ್ಟಿಕೊಳ್ಳುತ್ತೀರಿ. ಹೋಟೆಲ್ ಸಾರಿನಲ್ಲಿ ಬೇಳೆ ಹುಡುಕಲು ಬ್ಯಾಟರಿ ಬೇಕು. ಯಾಕಕ್ಕಾ? (ಚಿತ್ತಾಪುರ)

ಬೈಯಿರಿ, ಬೈಸಿಕೊಳ್ಳುತ್ತೇನೆ. ನಾನೂ ನೀರು ಹಾಕಿದವಳೇ.

2023ರಲ್ಲಿ ಬರ ಬಿತ್ತು. 2024ರ ಬೇಸಿಗೆಗೆ ತೊಗರಿ ಬೇಳೆ ಕಿಲೋಗೆ 160 ರೂಪಾಯಿ ಆಸುಪಾಸು ಹೋಯಿತು. ಮೊದಲು ಒಂದು ಕಿಲೋ ಬೇಳೆಗೆ 40 ಬಟ್ಟಲು ಸಾರು ತೆಗೆಯುತ್ತಿದ್ದೆವು. ಆಗ 55 ತೆಗೆದೆವು. ಸಾಲದ್ದಕ್ಕೆ ಸೋರೆಕಾಯಿ ಹೆಚ್ಚಿ ಹಾಕಿದೆವು. ದಿನಾ ಬರುವ ಲಾರಿ ಡ್ರೈವರ್ ಒಬ್ಬರು ಬಟ್ಟಲು ಎತ್ತಿ ನೋಡಿ, "ಅಕ್ಕಾ, ಇದು ಸೋರೆಕಾಯಿ ಸಾರೋ, ಬೇಳೆ ಸಾರೋ, ಹೇಳಿಬಿಡಿ, ಅದರಂತೆ ಉಣ್ತೀನಿ" ಅಂದರು. ಇಡೀ ಖಾನಾವಳಿ ನಕ್ಕಿತು. ನಾನು ಗಲ್ಲಾದಲ್ಲಿ ಚಿಲ್ಲರೆ ಎಣಿಸಿದ ಹಾಗೆ ಮಾಡಿದೆ.

ರೇಟ್ ಏರಿಸಬಹುದಿತ್ತಲ್ಲ ಅಂತೀರಿ. ಬೋರ್ಡ್ ಮೇಲೆ 5 ರೂಪಾಯಿ ಏರಿಸಿದ ದಿನ 10 ಗಿರಾಕಿ ಎದುರಿನ ಹೋಟೆಲ್‌ಗೆ ಹೋಗುತ್ತಾರೆ. ಸಾರು ತೆಳುವಾದರೆ ಬೈದು ಇಲ್ಲೇ ಉಣ್ಣುತ್ತಾರೆ. ಇದು ನಮ್ಮ ದಂಧೆಯ ನಾಚಿಕೆಗೇಡಿನ ಗುಟ್ಟು.

ಆಮೇಲೆ ಕೇಂದ್ರ ಸರ್ಕಾರ ಹೊರದೇಶದ ತೊಗರಿ ಸುಂಕವಿಲ್ಲದೆ ಬರಲು ಬಿಡುವುದನ್ನು 2026ರ ಮಾರ್ಚ್‌ವರೆಗೆ ಮುಂದುವರಿಸಿತು. ನಮ್ಮಲ್ಲೂ ಒಳ್ಳೆ ಬೆಳೆ ಬಂತು. 2025ರ ಆರಂಭದಲ್ಲಿ ಗಂಜ್ ಮಾರುಕಟ್ಟೆಯಲ್ಲಿ ತೊಗರಿ 7,550ರ ಬೆಂಬಲ ಬೆಲೆಗಿಂತ ಕೆಳಗೆ ಹೋಯಿತು. ರಾಜ್ಯ ಸರ್ಕಾರ ಕ್ವಿಂಟಲ್‌ಗೆ 450 ಸೇರಿಸಿ 8,000 ಕೊಡುತ್ತೇವೆ ಎಂದು ಹೇಳಬೇಕಾಯಿತು. ನನ್ನ ತಮ್ಮ ಅಫಜಲಪುರದ ಹತ್ತಿರ ತೊಗರಿ ಬೆಳೆಯುತ್ತಾನೆ. ಆ ತಿಂಗಳು ನಮ್ಮ ಸಾರು ಗಟ್ಟಿಯಾಯಿತು, ಅವನು ಫೋನಿನಲ್ಲಿ ಸರಿಯಾಗಿ ಮಾತಾಡಲಿಲ್ಲ. ಈಗ ನಿಮ್ಮೂರ ಹೋಟೆಲಿನವನು ಇನ್ನೂ ನೀರು ಹಾಕುತ್ತಿದ್ದರೆ ಅದು ತೊಗರಿ ಬೆಲೆಯ ತಪ್ಪಲ್ಲ. ಕೇಳಿ.

ಹೈದರಾಬಾದ್‌ಗೆ ಹೋದಾಗ ಒಂದು ಹೋಟೆಲ್ ಬಿಲ್‌ನಲ್ಲಿ ಜಿಎಸ್‌ಟಿ ಅಲ್ಲದೆ 10 ಪರ್ಸೆಂಟ್ ಸರ್ವಿಸ್ ಚಾರ್ಜ್ ಹಾಕಿದ್ದರು. ಕೊಡಲೇಬೇಕಾ? (ಬೀದರ್)

ಬೇಕಿಲ್ಲ. ತಾನಾಗಿ ಬಿಲ್‌ಗೆ ಸೇರಿಸುವಂತಿಲ್ಲ ಎಂದು ಕೇಂದ್ರ ಗ್ರಾಹಕ ರಕ್ಷಣಾ ಪ್ರಾಧಿಕಾರ 2022ರಲ್ಲೇ ಹೇಳಿತ್ತು. ಹೋಟೆಲಿನವರು ಕೋರ್ಟಿಗೆ ಹೋದರು. 2025ರ ಮಾರ್ಚ್ 28ರಂದು ದೆಹಲಿ ಹೈಕೋರ್ಟ್ ಪ್ರಾಧಿಕಾರದ ಮಾತನ್ನೇ ಎತ್ತಿಹಿಡಿಯಿತು. ತೆಗೆಯಿರಿ ಅಂತ ಹೇಳಿ. ಸಪ್ಲೈ ಮಾಡಿದ ಹುಡುಗ ಚೆನ್ನಾಗಿ ನೋಡಿಕೊಂಡಿದ್ದರೆ ಅವನ ಕೈಗೇ ಕೊಡಿ, ಅದು ಬೇರೆ ಮಾತು.

ಯಾದಗಿರಿ ಸ್ಟೇಷನ್ ಹತ್ತಿರ ನನ್ನ ಚಹಾ ಅಂಗಡಿ. ಫೋನ್‌ಪೇ ಬೋರ್ಡ್ ತೆಗೆದುಬಿಡಲಾ? ನೋಟಿಸ್ ಬರುತ್ತೆ ಅಂತ ಎಲ್ಲರೂ ಹೆದರಿಸುತ್ತಾರೆ. (ಯಾದಗಿರಿ)

ತೆಗೆಯಬೇಡಿ. 2025ರ ಜುಲೈನಲ್ಲಿ ವಾಣಿಜ್ಯ ತೆರಿಗೆ ಇಲಾಖೆ ಫೋನ್ ಪಾವತಿ ಲೆಕ್ಕ ನೋಡಿ ಸಣ್ಣ ಅಂಗಡಿಯವರಿಗೆ ನೋಟಿಸ್ ಕೊಟ್ಟಾಗ ರಾಜ್ಯದ ಎಷ್ಟೋ ಕಡೆ "ಕ್ಯಾಶ್ ಮಾತ್ರ" ಅಂತ ರಟ್ಟಿನ ಬೋರ್ಡ್ ಬಿದ್ದವು. ಗದ್ದಲವಾದ ಮೇಲೆ ಹಳೇ ಬಾಕಿ ಕೇಳುವುದಿಲ್ಲ, ನೋಂದಣಿ ಮಾಡಿಸಿಕೊಳ್ಳಿ ಎಂದು ಸರ್ಕಾರ ಹೇಳಿತು. ತೆರಿಗೆ ಬೀಳುವುದು ಫೋನಿನ ಮೇಲಲ್ಲ, ವ್ಯಾಪಾರದ ಮೇಲೆ. ನೋಟು ತಗೊಂಡರೂ ಅಷ್ಟೇ, ಫೋನಿನಲ್ಲಿ ತಗೊಂಡರೂ ಅಷ್ಟೇ.

ಹೋಟೆಲು, ಚಹಾ ಅಂಗಡಿಗೆ ಜಿಎಸ್‌ಟಿ ನೋಂದಣಿಯ ಮಿತಿ ವರ್ಷಕ್ಕೆ 20 ಲಕ್ಷ ವ್ಯಾಪಾರ. 40 ಲಕ್ಷ ಅಂತ ಯಾರಾದರೂ ಹೇಳಿದರೆ ಅದು ಬರೀ ಸಾಮಾನು ಮಾರುವ ಅಂಗಡಿಗೆ. 20 ಲಕ್ಷ ಅಂದರೆ ದಿನಕ್ಕೆ 5,480 ರೂಪಾಯಿ ಹತ್ತಿರ. 10 ರೂಪಾಯಿ ಚಹಾ ಆದರೆ 548 ಕಪ್. ಮಿರ್ಚಿ ಭಜಿ, ಬಿಸ್ಕತ್ತು ಇದ್ದರೆ ಅದನ್ನೂ ಕೂಡಿಸಿ. ಮಿತಿ ದಾಟಿದರೆ ಕಾಂಪೊಸಿಷನ್‌ಗೆ, ಅಂದರೆ ಸಣ್ಣ ವ್ಯಾಪಾರಿಗಳ ಸರಳ ಜಿಎಸ್‌ಟಿ ಪದ್ಧತಿಗೆ ಹೋಗಿ. ಒಂದೂವರೆ ಕೋಟಿವರೆಗೆ ಒಟ್ಟು ವ್ಯಾಪಾರದ ಮೇಲೆ 5 ಪರ್ಸೆಂಟ್ ಕಟ್ಟಿದರಾಯಿತು. ಅದನ್ನು ಗಿರಾಕಿ ಹತ್ತಿರ ವಸೂಲಿ ಮಾಡುವಂತಿಲ್ಲ, ನಿಮ್ಮ ಕೈಯಿಂದಲೇ ಹೋಗಬೇಕು.

ಒಂದು ಕೆಲಸ ಮಾತ್ರ ನಾಳೆಯೇ ಮಾಡಿ. ಅಂಗಡಿಗೆ ಬೇರೆ ಬ್ಯಾಂಕ್ ಖಾತೆ ತೆರೆಯಿರಿ. ಚೀಟಿ ದುಡ್ಡು, ಮದುವೆ ಮುಯ್ಯಿ, ಭಾವಮೈದುನ ತೀರಿಸಿದ ಸಾಲ, ಎಲ್ಲ ಒಂದೇ ಕ್ಯೂಆರ್‌ಗೆ ಹಾಕಿಸಿಕೊಂಡರೆ ಎಲ್ಲವೂ ಚಹಾ ಮಾರಿದ ದುಡ್ಡಿನ ಹಾಗೇ ಕಾಣುತ್ತದೆ. ಸುಮ್ನೆ ತಲೆನೋವು.

ಮನೆಯಲ್ಲೇ ಅಡುಗೆ ಮಾಡಿ ಊಟ ತರಿಸುವ ಆ್ಯಪ್‌ನಲ್ಲಿ ಮಾರುತ್ತೇನೆ. ಆರ್ಡರ್ ಬರುತ್ತವೆ, ದುಡ್ಡು ಮಾತ್ರ ಕಾಣುವುದಿಲ್ಲ. (ಗೃಹಿಣಿ, ಕಲಬುರಗಿ)

ತಂಗಿ, ನೀವು ಕಳಿಸಿದ ಲೆಕ್ಕವನ್ನೇ ಬಿಡಿಸುತ್ತೇನೆ. 200 ರೂಪಾಯಿ ಆರ್ಡರ್. ನೀವೇ ಒಪ್ಪಿಕೊಂಡ ಡಿಸ್ಕೌಂಟ್ 30. ಉಳಿದ 170ರ ಮೇಲೆ 24 ಪರ್ಸೆಂಟ್ ಕಮಿಷನ್, ಅಂದರೆ 41. ಆ ಕಮಿಷನ್ ಮೇಲೆ 18 ಪರ್ಸೆಂಟ್ ಜಿಎಸ್‌ಟಿ, 7 ರೂಪಾಯಿ. ಡಬ್ಬಿ, ಚಮಚ, ಕವರ್‌ಗೆ 10. ಕೈಗೆ ಬಂದದ್ದು 112. ಇದರಲ್ಲಿ ಕಿರಾಣಿ, ಗ್ಯಾಸ್, ನಿಮ್ಮ ಮೈಕೈ ನೋವು ಎಲ್ಲ ಬರಬೇಕು. ಊಟದ ಮೇಲಿನ 5 ಪರ್ಸೆಂಟ್ ಜಿಎಸ್‌ಟಿಯನ್ನು 2022ರ ಜನವರಿ 1ರಿಂದ ಆ್ಯಪ್‌ನವರೇ ಕಟ್ಟುತ್ತಾರೆ, ಅದೊಂದು ಕಾಟ ನಿಮಗಿಲ್ಲ.

ಡಿಸ್ಕೌಂಟ್ ಜಗಳ ಹೊಸದೇನಲ್ಲ. 2019ರ ಆಗಸ್ಟ್‌ನಲ್ಲಿ ದೊಡ್ಡ ದೊಡ್ಡ ರೆಸ್ಟೋರೆಂಟ್‌ನವರೇ "ಲಾಗೌಟ್" ಅಂತ ಚಳವಳಿ ಮಾಡಿ ಆ್ಯಪ್ ಸ್ಕೀಮ್‌ಗಳಿಂದ ಹೊರಬಂದಿದ್ದರು. ಅಂಥವರಿಗೇ ಬಗ್ಗದ ಆ್ಯಪ್‌ನವರು ನಮ್ಮ ಮಾತಿಗೆ ಬಗ್ಗುತ್ತಾರಾ?

ನಾವೂ ಒಂದು ಆ್ಯಪ್‌ಗೆ ಸೇರಿದ್ದೆವು. ಬಿಸಿ ರೊಟ್ಟಿ ಡಬ್ಬಿಯಲ್ಲಿ ಬೆವರಿ ಒದ್ದೆಯಾಯಿತು. ಗಿರಾಕಿ ಫೋಟೊ ಹಾಕಿದರು. ಆ್ಯಪ್‌ನವರು ನಮ್ಮನ್ನೊಂದು ಮಾತೂ ಕೇಳದೆ ಪೂರ್ತಿ ದುಡ್ಡು ಮುರಿದುಕೊಂಡರು. ರೊಟ್ಟಿಯೂ ಹೋಯಿತು, ರೊಕ್ಕವೂ ಹೋಯಿತು. ಆಮೇಲೆ ಸೊಸೆ ಮೆನು ಬದಲಿಸಿದಳು. ಆ್ಯಪ್‌ನಲ್ಲಿ ಈಗ ಕಡಕ್ ರೊಟ್ಟಿ, ಝುಣಕ, ಶೇಂಗಾ ಹಿಂಡಿ, ಶೇಂಗಾ ಹೋಳಿಗೆ ಅಷ್ಟೇ. ದಾರಿಯಲ್ಲಿ ಕೆಡದ ಸಾಮಾನು. ಬಿಸಿ ಊಟ ಬೇಕಾದವರು ಫೋನ್ ಮಾಡಿ ಬಂದು ಒಯ್ಯುತ್ತಾರೆ. ನೀವೂ ಡಬ್ಬಿಯೊಳಗೆ ಫೋನ್ ನಂಬರಿನ ಚೀಟಿ ಇಡಿ. ನಿಯಮಕ್ಕೆ ಒಪ್ಪುತ್ತದೋ ಇಲ್ಲವೋ ಅಂತ ಮೊದಲು ಒಪ್ಪಂದ ಓದಿಕೊಳ್ಳಿ, ಆಮೇಲೆ ನನ್ನ ಮೇಲೆ ಬರಬೇಡಿ.

ಬೆಂಗಳೂರಿನ ಕೆಲಸ ಬಿಟ್ಟು ಬಂದಿದ್ದೇನೆ ಅಕ್ಕಾ. ಕೈಯಲ್ಲಿ 9 ಲಕ್ಷ ಇದೆ. ಕಲಬುರಗಿಯ ಸೇಡಂ ರಸ್ತೆಯಲ್ಲಿ ಖಾನಾವಳಿ ಹಾಕುವ ಆಸೆ. ಬಾಡಿಗೆ 28,000. ಊಟಕ್ಕೆ 110 ಇಟ್ಟರೆ ತಿಂಗಳಿಗೆ ಎಷ್ಟು ಉಳಿದೀತು? (ಶಹಾಪುರ)

ತಮ್ಮಾ, ನಿನ್ನ ಪತ್ರವನ್ನು ಸೊಸೆಗೂ ಓದಿಸಿದೆ. ಇಬ್ಬರೂ ಕೂತು ಒಂದು ತಾಟು ಬಿಚ್ಚಿದೆವು. ಇದು ನಮ್ಮ ಖಾನಾವಳಿಯ ಲೆಕ್ಕ, ಬಾಡಿಗೆ ಮಾತ್ರ ನಿನ್ನದು.

ಎರಡು ರೊಟ್ಟಿ, ಹಿಟ್ಟು ಮತ್ತು ಬಡಿಯುವ ಕೂಲಿ ಸೇರಿ 14. ಎರಡು ಪಲ್ಯ 16, ಎಣ್ಣೆಯೇ ಇದರಲ್ಲಿ ಜಾಸ್ತಿ ತಿನ್ನುವುದು. ಬೇಳೆ ಸಾರು, ಎರಡನೇ ಸಲ ಕೇಳಿದ್ದೂ ಸೇರಿ 8. ಅನ್ನ 7. ಮೊಸರು, ಹಿಂಡಿ, ಉಳ್ಳಾಗಡ್ಡಿ, ಸೌತೆಕಾಯಿ 9. ಗ್ಯಾಸ್ 6. ಇಲ್ಲಿಗೆ 60. ಅರ್ಧಕ್ಕರ್ಧ ಲಾಭ ಅಂತ ಬೆಂಗಳೂರಿನ ಗೆಳೆಯರು ಹೇಳುವುದು ಇಲ್ಲಿಗೇ ಲೆಕ್ಕ ನಿಲ್ಲಿಸಿ.

ದಿನಕ್ಕೆ 90 ಊಟ, ತಿಂಗಳಿಗೆ 26 ದಿನ ಅಂತ ಹಿಡಿ. 2,340 ತಾಟು. ಅಡುಗೆಯವನಿಗೆ 22,000, ಸಪ್ಲೈ ಇಬ್ಬರಿಗೆ 24,000, ಭಾಂಡೆ ತಿಕ್ಕುವವಳಿಗೆ 9,000. ಪಗಾರವೇ 55,000, ತಾಟಿಗೆ 23 ರೂಪಾಯಿ 50 ಪೈಸೆ. ಬಾಡಿಗೆ ತಾಟಿಗೆ 12. ಕರೆಂಟು, ನೀರು, ಸಬೀನಾ ಪುಡಿ, ಒಡೆದ ಲೋಟ, ಎಲ್ಲ ಸೇರಿ 5. ಕಾಂಪೊಸಿಷನ್ ತೆರಿಗೆ 5 ರೂಪಾಯಿ 50 ಪೈಸೆ. ಕೂಡಿಸು. 106 ಆಯಿತು. ನಿನಗೆ ಉಳಿದದ್ದು 4 ರೂಪಾಯಿ. ತಿಂಗಳಿಗೆ ಒಂಬತ್ತು ಸಾವಿರ ಚಿಲ್ಲರೆ, ನಿನ್ನ ಅಡುಗೆಯವನ ಪಗಾರದ ಅರ್ಧವೂ ಇಲ್ಲ.

ಈಗ 140 ಊಟ ಹೋದವು ಅನ್ನು. ಬಾಡಿಗೆ ಅಷ್ಟೇ. ಸಪ್ಲೈಗೆ ಇನ್ನೊಬ್ಬ ಹುಡುಗನನ್ನು ಇಟ್ಟರೂ ತಾಟಿಗೆ 13 ರೂಪಾಯಿ ಮೇಲೆ ಉಳಿಯುತ್ತದೆ, ತಿಂಗಳಿಗೆ 48 ಸಾವಿರ ದಾಟುತ್ತದೆ. 90 ಮತ್ತು 140ರ ನಡುವಿನ ಆ 50 ತಾಟುಗಳೇ ನಿನ್ನ ಹೋಟೆಲು. ಬಣ್ಣದ ಬೋರ್ಡು, ಎಲ್‌ಇಡಿ ಲೈಟು, ಸೆಲ್ಫಿ ಗೋಡೆ ಯಾವುದೂ ಅಲ್ಲ.

ಗ್ಯಾಸಿನದು ಬೇರೆ ಹೇಳಬೇಕು. 19 ಕಿಲೋ ಸಿಲಿಂಡರ್ ರೇಟ್ ತಿಂಗಳ ಒಂದನೇ ತಾರೀಖಿಗೆ ಬದಲಾಗುತ್ತದೆ. ಅದಕ್ಕೆ 18 ಪರ್ಸೆಂಟ್ ಜಿಎಸ್‌ಟಿ. ಜಾಗದ ಮಾಲೀಕರು ಜಿಎಸ್‌ಟಿ ಇದ್ದವರಾದರೆ ಬಾಡಿಗೆಗೂ 18. ನಾವು ಕಟ್ಟುವುದು 5 ಅಂತ ಗಿರಾಕಿಗೆ ಕಾಣುತ್ತದೆ, ಒಳಗೆ ಕೊಟ್ಟ ಈ 18 ತಿರುಗಿ ಬರುವುದಿಲ್ಲ. ಕಾಂಪೊಸಿಷನ್‌ನವರಿಗೆ ಹಾಗೆ ತಿರುಗಿ ಪಡೆಯುವ ಸೌಲಭ್ಯ ಮೊದಲಿಂದಲೂ ಇಲ್ಲ, ಉಳಿದ ಹೋಟೆಲ್‌ಗಳಿಗೂ 2017ರ ನವೆಂಬರ್‌ನಲ್ಲಿ ದರ ಇಳಿಸಿದಾಗ ಅದನ್ನು ಕಿತ್ತುಕೊಂಡರು. ಮನೆ ಸಿಲಿಂಡರ್ ತಂದು ಹಚ್ಚುವ ಬುದ್ಧಿ ಯಾರಾದರೂ ಹೇಳಿದರೆ ಕಿವಿಗೆ ಹಾಕಿಕೊಳ್ಳಬೇಡ. ದಂಡ ಒಂದು ಕಡೆ, ಬೆಂಕಿ ಇನ್ನೊಂದು ಕಡೆ.

ರೊಟ್ಟಿ ಬಡಿಯುವವರು ಸಿಗುವುದು ಗ್ಯಾಸಿಗಿಂತ ಕಷ್ಟ. ನಮ್ಮಲ್ಲಿ ಬಡಿಯುತ್ತಿದ್ದ ಮೂವರಲ್ಲಿ ಇಬ್ಬರು ಬಿಟ್ಟರು. ಒಬ್ಬಾಕೆ ಮಹಿಳಾ ಸಂಘ ಸೇರಿ ಅಲ್ಲಿ ಬಡಿಯುತ್ತಾಳೆ, ಸ್ವಂತ ಖಾತೆಗೆ ದುಡ್ಡು ಬರುತ್ತದೆ. ಕಲಬುರಗಿ ರೊಟ್ಟಿ ಈಗ ಬ್ರ್ಯಾಂಡ್ ಆಗಿದೆ, 2025ರ ಜೂನ್‌ನಲ್ಲಿ ಪ್ರಧಾನಿ ರೇಡಿಯೊದಲ್ಲಿ ಅದರ ಹೆಸರು ಹೇಳಿದರು. ನನಗೆ ಸಿಟ್ಟು ಬರಬೇಕಿತ್ತು, ಬರಲಿಲ್ಲ. 15 ವರ್ಷ ಅವಳು ನನ್ನ ಹಂಚಿನ ಮುಂದೆ ಕೂತಿದ್ದಳು. ನೀನು ಆಳು ಹುಡುಕುವ ಬದಲು ಅಂಥ ಸಂಘದ ಜೊತೆ ದಿನಕ್ಕೆ ಇಷ್ಟು ರೊಟ್ಟಿ ಅಂತ ಮಾತಾಡಿಕೋ. ಬಿಸಿ ರೊಟ್ಟಿ ಬೇಕು ಅನ್ನುವವರಿಗೆ ಒಬ್ಬರು ಸಾಕು.

ಇನ್ನು ಜಾಗ. ಸೇಡಂ ರಸ್ತೆಯಲ್ಲಿ ದೊಡ್ಡ ಆಸ್ಪತ್ರೆಗಳಿವೆ, ರೋಗಿಯ ಜೊತೆ ಬಂದವರು ಮಧ್ಯಾಹ್ನ ಉಣ್ಣಲೇಬೇಕು. 2023ರ ಜೂನ್‌ನಲ್ಲಿ ಬಸ್ ಪುಕ್ಕಟೆ ಆದ ಮೇಲೆ ಹಳ್ಳಿ ಹೆಣ್ಣುಮಕ್ಕಳು ಗಂಡಸರಿಲ್ಲದೆ ನಾಲ್ಕೈದು ಜನ ಕೂಡಿ ನಮ್ಮಲ್ಲಿ ಊಟಕ್ಕೆ ಬರುತ್ತಾರೆ. ಮೊದಲು ಹಾಗೆ ಬರುತ್ತಿರಲಿಲ್ಲ. ಅವರಿಗಾಗಿ ಸೊಸೆ ಗಲ್ಲಾ ಪಕ್ಕದ ಎರಡು ಟೇಬಲ್ ಬಿಟ್ಟಿದ್ದಾಳೆ, ಕೈತೊಳೆಯುವ ಜಾಗ ಬೇರೆ ಮಾಡಿದ್ದಾಳೆ. ನೀನು ನೋಡಿದ ಜಾಗದಲ್ಲಿ ಹೆಣ್ಣುಮಕ್ಕಳಿಗೆ ಪಾಯಖಾನೆ ಇದೆಯಾ? ಪತ್ರದಲ್ಲಿ ಬರೆದಿಲ್ಲ.

ಏಪ್ರಿಲ್, ಮೇ ನೆನಪಿಡು. ನಮ್ಮ ಬಿಸಿಲಿಗೆ ಮಧ್ಯಾಹ್ನ ಯಾರೂ ಹೊರಗೆ ಬರುವುದಿಲ್ಲ. ನನ್ನ ವಹಿಯಲ್ಲಿ 24 ವರ್ಷವೂ ಮೇ ತಿಂಗಳೇ ಬಡವಾಗಿದೆ. ಆದ್ದರಿಂದ 9 ಲಕ್ಷದಲ್ಲಿ ಆರು ತಿಂಗಳ ಬಾಡಿಗೆ, ಪಗಾರ ತೆಗೆದಿಡು. ಅದೇ ಐದು ಲಕ್ಷವಾಗುತ್ತದೆ. ಉಳಿದ ನಾಲ್ಕರಲ್ಲಿ ಡಿಪಾಜಿಟ್, ಒಲೆ, ಪಾತ್ರೆ, ಟೇಬಲ್ ಆಗಬೇಕು. ಆಗದಿದ್ದರೆ ಸಣ್ಣ ಜಾಗ ನೋಡು.

ಡಿಪಾಜಿಟ್ ಕೊಡುವ ಮೊದಲು ಒಂದು ಕೆಲಸ ಮಾಡು. ಆ ಜಾಗದ ಎದುರಿನ ಪಾನ್ ಡಬ್ಬಿ ಹತ್ತಿರ ಮೂರು ದಿನ ನಿಂತುಕೋ. ಒಂದು ಸೋಮವಾರ, ಒಂದು ಗುರುವಾರ, ಒಂದು ಭಾನುವಾರ. ಮಧ್ಯಾಹ್ನ 12ರಿಂದ 3ರವರೆಗೆ ಅಕ್ಕಪಕ್ಕದ ಹೋಟೆಲ್‌ಗಳಿಗೆ ಎಷ್ಟು ಜನ ಹೋದರು ಅಂತ ಚೀಟಿಯಲ್ಲಿ ಗೀಟು ಹಾಕು. ಆ ಚೀಟಿ ಕಳಿಸು. ಮುಂದಿನ ಸಂಚಿಕೆಯಲ್ಲಿ ಅದನ್ನೇ ಹಿಡಿದು ಮಾತಾಡೋಣ.