ಹೂ ಬಿಟ್ಟರೂ ಕಾಯಿ ಕಚ್ಚದ ಪರ್ಸಿಮನ್

ಅಮೆರಿಕದ ಉತ್ತರ ಕ್ಯಾರೊಲಿನಾದ ನಿಮ್ಮ ಹಿತ್ತಲಿನ ಮರದ ತೊಗಟೆ ಮೊಸಳೆಯ ಚರ್ಮದಂತೆ ಚೌಕ ಚೌಕವಾಗಿ ಒಡೆದಿದೆ, ವರ್ಷವೂ ಹೂ ಬಿಟ್ಟರೂ ಕಾಯಿ ಕಚ್ಚುವುದಿಲ್ಲ, ಇದು ಪರ್ಸಿಮನ್ (ಕಿತ್ತಳೆ ಬಣ್ಣದ ಸಿಹಿ ಹಣ್ಣು ಬಿಡುವ ಮರ) ಹೌದೇ ಎಂದು ಕೇಳಿದ್ದೀರಿ. ತೊಗಟೆಯೊಂದನ್ನೇ ನಂಬಬೇಡಿ, ಅಲ್ಲಿ ಬೆಳೆಯುವ ಬ್ಲ್ಯಾಕ್ ಗಮ್ ಎಂಬ ಇನ್ನೊಂದು ಮರದ್ದೂ ಹಾಗೆಯೇ ಇರುತ್ತದೆ. ಎಲೆ ಉದುರಿದ ಗುರುತನ್ನು ಭೂತಗನ್ನಡಿಯಲ್ಲಿ ನೋಡಿದಾಗ ಒಂದೇ ನಾಳದ ಕಲೆ (ಎಲೆಗೆ ನೀರು ಸಾಗಿಸುತ್ತಿದ್ದ ನಾಳಗಳು ಬಿಟ್ಟ ಚುಕ್ಕೆ) ಕಂಡರೆ ಅದು ಪರ್ಸಿಮನ್, ಮೂರಿದ್ದರೆ ಬ್ಲ್ಯಾಕ್ ಗಮ್.

ಪರ್ಸಿಮನ್‌ನಲ್ಲಿ ಗಂಡು ಮತ್ತು ಹೆಣ್ಣು ಸಾಮಾನ್ಯವಾಗಿ ಬೇರೆ ಬೇರೆ ಮರಗಳಾಗಿರುವುದರಿಂದ, ಹೂಗಳು ಚಿಕ್ಕದಾಗಿ ಎರಡು ಮೂರರ ಗೊಂಚಲಿನಲ್ಲಿದ್ದರೆ ನಿಮ್ಮದು ಬಹುಶಃ ಗಂಡು ಮರ. ಹೆಣ್ಣು ಹೂ ಒಂಟಿಯಾಗಿಯೂ ದೊಡ್ಡದಾಗಿಯೂ ಇರುತ್ತದೆ. ಗಂಡೆಂದು ಖಚಿತವಾದರೂ ದಯವಿಟ್ಟು ಕಡಿಯಬೇಡಿ. ಹತ್ತಿರದ ಹೆಣ್ಣು ಮರದಿಂದ ಚಳಿಗಾಲದಲ್ಲಿ ಕಡ್ಡಿ ತೆಗೆದಿಟ್ಟು, ವಸಂತದಲ್ಲಿ ಒಂದೆರಡು ಕೊಂಬೆಗಳಿಗೆ ಕಸಿ ಕಟ್ಟಿದರೆ, ಉಳಿದ ಕೊಂಬೆಗಳೇ ಪರಾಗ ಒದಗಿಸುತ್ತವೆ. ಹೊಸ ಸಸಿ ನೆಡುವುದಾದರೆ, ತಾಯಿಬೇರು ಆಳಕ್ಕಿಳಿಯುವ ಕಾರಣ, ಎಳೆಯದಿರುವಾಗಲೇ ನೆಡುವುದು ಲೇಸು.