ಹೆಲ್‌ಬೆಂಡರ್ ನಮ್ಮ ಹೊಳೇಲಿ ಸಿಗುತ್ತಾ?

ಪ್ರಶ್ನೆ: ಸರ್, ಮಗ ಫೋನಲ್ಲಿ ಹೆಲ್‌ಬೆಂಡರ್ ಅನ್ನೋ ಪ್ರಾಣಿ ವಿಡಿಯೋ ತೋರಿಸಿದ, ನೀರಲ್ಲೇ ಇರೋ ದೊಡ್ಡ ಹಲ್ಲಿ ಥರ ಇತ್ತು. ಲಕ್ಷ್ಮಣತೀರ್ಥದಲ್ಲಿ ಏಡಿ ಹಿಡಿಯೋಕೆ ಕಲ್ಲು ಎತ್ತುವಾಗ ಇಂಥದ್ದು ಸಿಗಬಹುದಾ? ಕಿವಿರು ಕಾಣ್ಲಿಲ್ಲ, ಉಸಿರಾಡೋದು ಹೇಗೆ?
– ಓದುಗರೊಬ್ಬರು, ಪೊನ್ನಂಪೇಟೆ

ಉತ್ತರ: ಸಿಗಲ್ಲ. ಅದಿರೋದು ಅಮೆರಿಕದ ಪೂರ್ವ ಭಾಗದ ತಣ್ಣನೆ ಹೊಳೆಗಳಲ್ಲಿ. ಹಲ್ಲಿಯೂ ಅಲ್ಲ, ಕಪ್ಪೆ ಥರ ಉಭಯವಾಸಿ, ಸಲಮ್ಯಾಂಡರ್, 74 ಸೆಂಟಿಮೀಟರ್ ತನಕ ಬೆಳೆಯುತ್ತೆ, ಜೀವಮಾನ ಪೂರ್ತಿ ನೀರಲ್ಲೇ.

ಮರಿಗೆ ಹೊರಗಡೆ ಕಿವಿರು ಇರುತ್ತೆ, ಸುಮಾರು 2 ವರ್ಷಕ್ಕೆ ಹೋಗಿಬಿಡುತ್ತೆ. ಆಮೇಲೆ ಉಸಿರಾಟ ಹೆಚ್ಚುಕಮ್ಮಿ ಎಲ್ಲಾ ಚರ್ಮದಿಂದಲೇ. ಮೈಯ ಎರಡೂ ಪಕ್ಕ ನೆರಿಗೆ ನೆರಿಗೆಯಾಗಿ ಜೋತಾಡೋ ಚರ್ಮ ನೋಡಿರ್ತೀರಲ್ಲ, ಅದರೊಳಗೆ ಸಣ್ಣ ರಕ್ತನಾಳಗಳು ತುಂಬಿರುತ್ತವೆ, ನೀರಲ್ಲಿ ಆಮ್ಲಜನಕ ಕಮ್ಮಿಯಾದ್ರೆ ಅದು ಕೂತಲ್ಲೇ ಮೈಯನ್ನ ಅತ್ತಿತ್ತ ತೂಗುತ್ತೆ, ಹೊಸ ನೀರು ಚರ್ಮಕ್ಕೆ ತಾಗಲಿ ಅಂತ. ಶ್ವಾಸಕೋಶ ಇದೆ, ಆದ್ರೆ ಉಸಿರಿಗೆ ಅದರ ಉಪಯೋಗ ಬಹಳ ಕಮ್ಮಿ.

ಹಗಲೆಲ್ಲ ಚಪ್ಪಟೆ ಬಂಡೆ ಅಡಿ ಅಡಗಿದ್ದು ರಾತ್ರಿ ಸಿಗಡಿ ಜಾತಿಯ ಕ್ರೇಫಿಶ್ ಹಿಡಿದು ತಿನ್ನುತ್ತೆ. ಮೊಟ್ಟೆ ಕಾಯೋದು ಗಂಡು, ಅದೂ ತಿಂಗಳುಗಟ್ಟಲೆ! ಮಣ್ಣು ಕೊಚ್ಚಿಕೊಂಡು ಬಂದು ಕಲ್ಲಿನ ಸಂದಿ ಮುಚ್ಚಿದ್ರೆ ಗೂಡೇ ಹೋಯ್ತು, ಅದಕ್ಕೇ ಅದರ ಸಂಖ್ಯೆ ಇಳೀತಿರೋದು, ಜನ ಸುಮ್ನೆ ಬಂಡೆ ಮಗುಚೋದ್ರಿಂದಲೂ ಹಾನಿಯಾಗುತ್ತೆ.

ಭಾರತದಲ್ಲಿ ಸಲಮ್ಯಾಂಡರ್ ನೋಡ್ಬೇಕಂದ್ರೆ ಡಾರ್ಜಿಲಿಂಗ್ ಕಡೆ ಹೋಗ್ಬೇಕು. ಕೊಡಗಲ್ಲಿ ಅದರ ದೂರದ ನೆಂಟ ಸಿಸಿಲಿಯನ್ ಇದೆ, ಕಾಲಿಲ್ಲ, ಒದ್ದೆ ಮಣ್ಣೊಳಗೆ ಇರುತ್ತೆ. ತೋಟದಲ್ಲಿ ಗುದ್ದಲಿಗೆ ಸಿಕ್ಕಿದ್ರೆ ಹಾವು ಅಂತ ಹೊಡೀಬೇಡಿ ದಯವಿಟ್ಟು, ವಾಪಸ್ ಮಣ್ಣಲ್ಲೇ ಬಿಡಿ.