ಓಬವ್ವನಿಂದ, ಒನಕೆಯಿಂದ: ‘ಬೈ’ ಕುರಿತು ಓದುಗರ ಪ್ರಶ್ನೆಗಳು

ಇಂಗ್ಲಿಷಿನ ಪ್ರಿಪೊಸಿಷನ್‌ಗಳ ಬಗ್ಗೆ ಸಂದೇಹಗಳಿದ್ದರೆ ಬರೆದು ತಿಳಿಸಿ ಎಂದು ಹಿಂದಿನ ಸಂಚಿಕೆಯಲ್ಲಿ ಕೇಳಿಕೊಂಡಿದ್ದೆವು. ಚಿತ್ರದುರ್ಗ ಮತ್ತು ದಾವಣಗೆರೆ ಜಿಲ್ಲೆಗಳಿಂದ ಬಂದ ಪತ್ರಗಳಲ್ಲಿ ಹೆಚ್ಚಿನವು ‘ಬೈ’ ಎಂಬ ಒಂದೇ ಪದದ ಸುತ್ತ ಇದ್ದುದರಿಂದ ಈ ಸಲದ ಅಂಕಣವನ್ನು ಅದಕ್ಕೇ ಬಿಟ್ಟುಕೊಟ್ಟಿದ್ದೇವೆ.

ಪ್ರಶ್ನೆ: ಸರ್, ‘ಬೈ’ ಎಂದರೆ ‘ಇಂದ’ ಎಂದು ಹೈಸ್ಕೂಲಿನಲ್ಲಿ ಹೇಳಿಕೊಟ್ಟಿದ್ದರು. ಅದನ್ನೇ ನಂಬಿ, ಸೈನಿಕರು ಒನಕೆಯಿಂದ ಹತರಾದರು ಎನ್ನುವ ವಾಕ್ಯದಲ್ಲಿ ಒನಕೆಯ ಹಿಂದೆಯೂ ‘ಬೈ’ ಹಾಕಿದೆ. ನಮ್ಮ ಉಪನ್ಯಾಸಕರು ಅದಕ್ಕೆ ಕೆಂಪು ಗೆರೆ ಎಳೆದು ‘ವಿತ್’ ಎಂದು ತಿದ್ದಿದ್ದಾರೆ. ಎರಡೂ ‘ಇಂದ’ವೇ ಅಲ್ಲವೇ?
– ಪದವಿ ವಿದ್ಯಾರ್ಥಿನಿ, ಚಿತ್ರದುರ್ಗ

ಉತ್ತರ: ಕನ್ನಡದಲ್ಲಿ ಎರಡೂ ‘ಇಂದ’ವೇ, ತೊಡಕು ಹುಟ್ಟುವುದೂ ಅಲ್ಲಿಯೇ. ನಮ್ಮ ‘ಇಂದ’ ಪ್ರತ್ಯಯ ಹೊರುವಷ್ಟು ಹೊರೆಯನ್ನು ಇಂಗ್ಲಿಷಿನ ಯಾವ ಪ್ರಿಪೊಸಿಷನ್ನೂ ಒಂಟಿಯಾಗಿ ಹೊರುವುದಿಲ್ಲ. ಓಬವ್ವನಿಂದ ಹತರಾದರು, ಒನಕೆಯಿಂದ ಹತರಾದರು, ಕಿಂಡಿಯಿಂದ ನುಸುಳಿ ಬಂದರು, ಬೆಳಗ್ಗೆಯಿಂದ ಕಾದರು, ಭಯದಿಂದ ನಡುಗಿದರು ಎಂಬ ಐದು ಮಾತುಗಳನ್ನು ಇಂಗ್ಲಿಷಿಗೆ ತರಬೇಕಾದರೆ ಕ್ರಮವಾಗಿ ಬೈ, ವಿತ್, ಥ್ರೂ, ಸಿನ್ಸ್ ಮತ್ತು ಮತ್ತೊಮ್ಮೆ ವಿತ್ ಬೇಕಾಗುತ್ತವೆ. ಕನ್ನಡ ವ್ಯಾಕರಣ ‘ಇಂದ’ವನ್ನು ತೃತೀಯಾ ವಿಭಕ್ತಿ ಎಂದೂ ‘ದೆಸೆಯಿಂದ’ ಎಂಬುದನ್ನು ಪಂಚಮೀ ಎಂದೂ ಬೇರೆ ಮಾಡಿ ಹೇಳಿಕೊಟ್ಟರೂ, ಮರದ ದೆಸೆಯಿಂದ ಹಣ್ಣು ಬಿತ್ತು ಎಂದು ಯಾರೂ ಮಾತನಾಡುವುದಿಲ್ಲವಾದ್ದರಿಂದ, ಬಳಕೆಯಲ್ಲಿ ಎಲ್ಲವೂ ಒಂದೇ ‘ಇಂದ’ಕ್ಕೆ ಬಂದು ನಿಲ್ಲುತ್ತವೆ.

ಇಂಗ್ಲಿಷಿನವರು ಇಲ್ಲಿ ಕೇಳುವುದು ಕೆಲಸ ಮಾಡಿದವರು ಯಾರು, ಕೈಯಲ್ಲಿ ಹಿಡಿದದ್ದು ಏನು ಎಂಬ ಎರಡು ಬೇರೆ ಪ್ರಶ್ನೆಗಳನ್ನು. ಮಾಡಿದವರಿಗೆ ‘ಬೈ’, ಹಿಡಿದ ವಸ್ತುವಿಗೆ ‘ವಿತ್’. ಹೈದರಾಲಿಯ ಸೈನಿಕರು ‘ಬೈ ಓಬವ್ವ’ ಹತರಾದರು, ‘ವಿತ್ ಎನ್ ಒನಕೆ’ ಹತರಾದರು. ನೀವು ಬರೆದ ಹಾಗೆ ಒನಕೆಗೂ ‘ಬೈ’ ಹಾಕಿದರೆ ಒನಕೆಯೇ ಎದ್ದುನಿಂತು ಹೊಡೆದಂತೆ ಆಗುತ್ತದೆ. ಹಾಗೆಂದು ನಿರ್ಜೀವ ವಸ್ತುವಿಗೆ ‘ಬೈ’ ಎಂದೂ ಸಲ್ಲದು ಎಂದು ತಿಳಿಯಬೇಡಿ. ಕೋಟೆಯ ಮೇಲಿಂದ ಬಂಡೆ ತಾನಾಗಿ ಉರುಳಿ ಒಬ್ಬನಿಗೆ ತಗುಲಿದರೆ ಅವನಿಗೆ ಪೆಟ್ಟಾದದ್ದು ‘ಬೈ ಎ ರಾಕ್’. ಅದೇ ಬಂಡೆಯನ್ನು ಯಾರೋ ಎತ್ತಿ ಹಾಕಿದ್ದರೆ ‘ವಿತ್ ಎ ರಾಕ್’. ಹಿಂದೆ ಒಂದು ಕೈ ಇದೆಯೋ ಇಲ್ಲವೋ ಎಂಬುದನ್ನು ಪ್ರಿಪೊಸಿಷನ್ನೇ ಹೇಳಿಬಿಡುತ್ತದೆ.

ಪತ್ರದ ಕೊನೆಯಲ್ಲಿ ಇನ್ನೊಂದನ್ನೂ ಕೇಳಿದ್ದೀರಿ: ಬ್ರಹ್ಮಗಿರಿಯ ಅಶೋಕನ ಶಾಸನವನ್ನು ಕುರಿತು ‘ಬಿ. ಎಲ್. ರೈಸ್ ಅವರಿಂದ 1892ರಲ್ಲಿ ಶೋಧಿಸಲ್ಪಟ್ಟಿತು’ ಎಂದು ಕನ್ನಡದಲ್ಲಿ ಬರೆಯುವುದು ಸರಿಯೇ ಎಂದು. ತಪ್ಪೆಂದು ಹೇಳಲಾರೆ, ಆದರೆ ನನಗೆ ಹಿಡಿಸುವುದಿಲ್ಲ. ರೈಸ್ ಅವರು ಆ ಶಾಸನವನ್ನು 1892ರಲ್ಲಿ ಪತ್ತೆ ಮಾಡಿದರು ಎಂದರೆ ಏನೂ ಕಳೆದುಹೋಗುವುದಿಲ್ಲ. ಇಂಗ್ಲಿಷಿನಲ್ಲಿ ಕರ್ಮವನ್ನು ವಾಕ್ಯದ ಮೊದಲಿಗೆ ತರಬೇಕೆಂದರೆ ಕ್ರಿಯಾಪದವನ್ನೇ ತಿರುಗಿಸಿ ‘ಬೈ’ಯನ್ನು ಕರೆಯಬೇಕು, ನಮ್ಮಲ್ಲಿ ‘ಆ ಶಾಸನವನ್ನು ರೈಸ್ ಅವರು ಪತ್ತೆ ಮಾಡಿದರು’ ಎಂದು ಪದಗಳ ಜಾಗ ಬದಲಿಸಿದರೆ ಸಾಕು, ದ್ವಿತೀಯಾ ಪ್ರತ್ಯಯ ಉಳಿದದ್ದನ್ನು ನೋಡಿಕೊಳ್ಳುತ್ತದೆ. ಸರ್ಕಾರಿ ಕಡತಗಳಲ್ಲಿ ‘ಅಲ್ಪಟ್ಟಿದೆ’ಗಳು ತುಂಬಿಹೋಗಿರುವುದಕ್ಕೆ ಇಂಗ್ಲಿಷ್ ಕರಡುಗಳನ್ನು ಪದಕ್ಕೆ ಪದ ಇಟ್ಟು ಕನ್ನಡಿಸಿದ್ದೇ ಮುಖ್ಯ ಕಾರಣವೆಂದು ನನ್ನ ಎಣಿಕೆ. ಆಮಂತ್ರಣ ಪತ್ರಿಕೆಯ ‘ಉದ್ಘಾಟನೆ: ಶಾಸಕರಿಂದ’ ಎಂಬಂಥ ಮಾತಿಗೆ ಮಾತ್ರ ನನ್ನ ತಕರಾರಿಲ್ಲ, ಅದು ಚಿಕ್ಕದು ಮತ್ತು ಚೊಕ್ಕದು.

ಪ್ರಶ್ನೆ: ಮಾನ್ಯರೇ, ನಾನು ಒಂದು ಖಾಸಗಿ ಕಾಲೇಜಿನ ಕಚೇರಿಯಲ್ಲಿ ಗುಮಾಸ್ತ. ಶುಲ್ಕವನ್ನು 10ನೇ ತಾರೀಖಿನ ತನಕ ಕಟ್ಟಬಹುದು ಎಂಬ ಅರ್ಥದಲ್ಲಿ ‘ಪೇ ದಿ ಫೀಸ್ ಅನ್‌ಟಿಲ್ 10ತ್’ ಎಂದು ನೋಟಿಸ್ ಬೋರ್ಡಿಗೆ ಹಾಕಿದ್ದೆ. ಪ್ರಾಂಶುಪಾಲರು ‘ಬೈ 10ತ್’ ಎಂದು ಬದಲಾಯಿಸಿದರು. ಈಗ ಪೋಷಕರು 10ನೇ ತಾರೀಖು ಸೇರಿತೋ ಇಲ್ಲವೋ ಎಂದು ಕೇಳುತ್ತಿದ್ದಾರೆ.
– ದಾವಣಗೆರೆ

ಉತ್ತರ: ತಿದ್ದಿದ್ದು ಸರಿಯಾಗಿದೆ. ‘ಅನ್‌ಟಿಲ್’ ಅಥವಾ ‘ಟಿಲ್’ ಎಂದರೆ ಒಂದು ಕೆಲಸವೋ ಸ್ಥಿತಿಯೋ ಆ ಗಡುವಿನವರೆಗೂ ನಿಲ್ಲದೆ ನಡೆಯುತ್ತಿರಬೇಕು. ‘ಬೈ’ ಎಂದರೆ ಗಡುವಿನೊಳಗೆ ಯಾವಾಗಲಾದರೂ ಒಮ್ಮೆ ಆಗಿ ಮುಗಿದರೆ ಸಾಕು. ನಿಮ್ಮ ಮೊದಲ ನೋಟಿಸನ್ನು ಅಕ್ಷರಶಃ ಓದಿದ ವಿದ್ಯಾರ್ಥಿ 10ನೇ ತಾರೀಖಿನವರೆಗೆ ದಿನಾಲೂ ಶುಲ್ಕ ಕಟ್ಟುತ್ತಲೇ ಇರಬೇಕಾಗುತ್ತಿತ್ತು. ಕೌಂಟರ್ ತೆರೆದಿರುವುದು ‘ಟಿಲ್’ 10, ಹಣ ಕಟ್ಟಬೇಕಾದದ್ದು ‘ಬೈ’ 10. ಕನ್ನಡದಲ್ಲಿ ‘ತನಕ ಕಟ್ಟಬಹುದು’ ಎಂದಾಗ ಆ ‘ತನಕ’ ಕಟ್ಟುವುದಕ್ಕಲ್ಲ, ಅವಕಾಶಕ್ಕೆ ಸಂಬಂಧಿಸಿದ್ದು. ಆ ‘ಬಹುದು’ ಇಂಗ್ಲಿಷಿಗೆ ಹೋಗುವಾಗ ಉದುರಿಹೋದದ್ದರಿಂದ ವಾಕ್ಯ ಕೆಟ್ಟಿತು.

10ನೇ ತಾರೀಖು ಸೇರಿದೆಯೇ ಎಂಬುದಕ್ಕೆ, ಸಾಮಾನ್ಯ ಬಳಕೆಯಲ್ಲಿ ಸೇರಿದೆ ಎಂಬುದೇ ಉತ್ತರ. ಆದರೆ ಹಣಕಾಸಿನ ವಿಷಯದಲ್ಲಿ ಜಗಳಕ್ಕೆ ಎಡೆ ಕೊಡಬಾರದೆಂದೇ ಬ್ಯಾಂಕುಗಳೂ ಕಚೇರಿಗಳೂ ‘ಆನ್ ಆರ್ ಬಿಫೋರ್’ ಎಂದು ಬರೆಯುತ್ತವೆ, ಅಂದರೆ ಆ ದಿನ ಅಥವಾ ಅದಕ್ಕೆ ಮೊದಲು. ಬರೀ ‘ಬಿಫೋರ್ 10’ ಎಂದರೆ 9ಕ್ಕೇ ಬಾಗಿಲು ಮುಚ್ಚಿತು. ನಿಮ್ಮ ನೋಟಿಸಿಗೆ ‘ಆನ್ ಆರ್ ಬಿಫೋರ್’ ಹಾಕಿ, ಪೋಷಕರ ಫೋನು ಕಡಿಮೆಯಾಗುತ್ತದೆ.

ಇಲ್ಲಿ ನಮ್ಮ ‘ಒಳಗೆ’ಯೂ ಒಂದಿಷ್ಟು ಗೊಂದಲ ಮಾಡುತ್ತದೆ. ಸೋಮವಾರದೊಳಗೆ, ಮೂರು ದಿನದೊಳಗೆ ಎಂದು ಎರಡಕ್ಕೂ ಒಂದೇ ಪದ ಹಾಕುತ್ತೇವೆ. ಇಂಗ್ಲಿಷಿನಲ್ಲಿ ಸೋಮವಾರ ಎಂಬ ಗೆರೆಗೆ ‘ಬೈ’, ಮೂರು ದಿನ ಎಂಬ ಅವಧಿಗೆ ‘ವಿದಿನ್’. ‘ಬೈ ತ್ರೀ ಡೇಸ್’ ಎಂದು ಬರೆಯುವಂತಿಲ್ಲ. ಗಡುವಿಲ್ಲದ ಕಡೆಯೂ ಕಾಲದ ‘ಬೈ’ ಬರುತ್ತದೆ, ಆಗ ಅದಕ್ಕೆ ನಮ್ಮಲ್ಲಿ ಹೊಂದುವುದು ‘ಹೊತ್ತಿಗೆ’. ದಾವಣಗೆರೆ 1997ರಲ್ಲಿ ಜಿಲ್ಲೆಯಾಯಿತು ಎಂದರೆ ‘ಇನ್ 1997’ ಮತ್ತು ಸಾದಾ ಭೂತಕಾಲ. 1997 ಮುಗಿಯುವ ಹೊತ್ತಿಗೆ ದಾವಣಗೆರೆ ಜಿಲ್ಲೆಯಾಗಿತ್ತು ಎಂದರೆ ‘ಬೈ ದಿ ಎಂಡ್ ಆಫ್ 1997’ ಮತ್ತು ಅದರ ಜೊತೆಗೆ ‘ಹ್ಯಾಡ್ ಬಿಕಮ್’. ಆಯಿತು ಮತ್ತು ಆಗಿತ್ತು ಎಂಬ ವ್ಯತ್ಯಾಸ ನಮ್ಮ ಕಿವಿಗೆ ಮೊದಲೇ ಗೊತ್ತಿರುವುದರಿಂದ ಇದನ್ನು ಹೊಸದಾಗಿ ಕಲಿಯಬೇಕಾಗಿಲ್ಲ.

ಪ್ರಶ್ನೆ: ‘ಬೈ ವಾಕ್ ಬಂದೆ’ ಎಂದರೆ ಬೆಂಗಳೂರಿನಲ್ಲಿ ಓದುವ ಮೊಮ್ಮಗಳು ನಗುತ್ತಾಳೆ. ‘ಬೈ ಬಸ್’ ಇದ್ದಮೇಲೆ ‘ಬೈ ವಾಕ್’ ಯಾಕಿಲ್ಲ?
– ನಿವೃತ್ತ ನೌಕರರು, ಹೊಳಲ್ಕೆರೆ

ಉತ್ತರ: ತರ್ಕ ನಿಮ್ಮ ಕಡೆಗಿದೆ ಹಿರಿಯರೇ, ರೂಢಿ ಮೊಮ್ಮಗಳ ಕಡೆಗಿದೆ. ಸಾಗಣೆಯ ‘ಬೈ’ ಮುಂದೆ ಬರಬೇಕಾದದ್ದು ವಾಹನ ಅಥವಾ ದಾರಿ: ಬಸ್, ರೈಲು, ರಸ್ತೆ, ಸಮುದ್ರ, ಅಂಚೆ. ನಡಿಗೆಗೆ ಮತ್ತು ಕುದುರೆ ಸವಾರಿಗೆ ಇಂಗ್ಲಿಷಿನವರು ‘ಆನ್’ ಇಟ್ಟುಕೊಂಡಿದ್ದಾರೆ, ‘ಆನ್ ಫುಟ್’. ಸಾಮಾನ್ಯ ಮಾತಿನಲ್ಲಿ ಅದೂ ಬೇಡ, ‘ಐ ವಾಕ್ಡ್’ ಎಂದರೆ ಮುಗಿಯಿತು. ‘ಬೈ ವಾಕ್’ ನಮ್ಮ ದೇಶದ ಇಂಗ್ಲಿಷಿನಲ್ಲಿ ಎಷ್ಟು ಬೇರೂರಿದೆಯೆಂದರೆ ಇಲ್ಲಿ ಅದು ಯಾರಿಗೂ ಅರ್ಥವಾಗದೆ ಹೋಗುವುದಿಲ್ಲ. ಪರೀಕ್ಷೆಯಲ್ಲಿ ಮಾತ್ರ ಅಂಕ ಹೋಗುತ್ತದೆ.

ಈ ‘ಬೈ’ ಬಯಸುವುದು ಬರಿಯ ನಾಮಪದವನ್ನು ಎಂಬುದು ನೆನಪಿರಲಿ. ‘ಬೈ ಬೈಕ್’ ಸರಿ. ‘ನನ್ನ’ ಬೈಕ್ ಎಂದು ಗುರುತು ಹಚ್ಚಿದ ಕೂಡಲೇ ‘ಬೈ’ ಜಾಗ ಬಿಟ್ಟು ‘ಆನ್ ಮೈ ಬೈಕ್’ ಆಗುತ್ತದೆ, ಕಾರಾದರೆ ‘ಇನ್ ಮೈ ಕಾರ್’. ಎಲ್ಲ ಕಡೆಯೂ ‘ಅಲ್ಲಿ’ ಎನ್ನುವ ನಮಗೆ ಇದು ಸುಲಭವಾಗಿ ಕೈಗೆ ಹತ್ತುವುದಿಲ್ಲ.

ಪ್ರಶ್ನೆ: ಸೈಟು ‘30 ಬೈ 40’ ಎಂದರೆ ಗುಣಾಕಾರ. ಹೋಟೆಲಿನಲ್ಲಿ ‘ಬೈ ಟೂ ಕಾಫಿ’ ಎಂದರೆ ಭಾಗಾಕಾರ. ಪಹಣಿಯಲ್ಲಿ ಸರ್ವೆ ನಂಬರ್ ‘45 ಬೈ 2’ ಎಂದರೆ ಎರಡೂ ಅಲ್ಲ. ಒಂದೇ ಪದ ಗುಣಿಸುವುದೂ ಭಾಗಿಸುವುದೂ ಹೇಗೆ ಸಾಧ್ಯ?
– ರೈತರು, ಚನ್ನಗಿರಿ ತಾಲ್ಲೂಕು

ಉತ್ತರ: ಬಂದ ಪತ್ರಗಳಲ್ಲೆಲ್ಲ ನನಗೆ ಹೆಚ್ಚು ಸಂತೋಷ ಕೊಟ್ಟ ಪ್ರಶ್ನೆ ಇದು. ‘ಬೈ’ ತಾನಾಗಿ ಗುಣಿಸುವುದೂ ಇಲ್ಲ, ಭಾಗಿಸುವುದೂ ಇಲ್ಲ. ಪೂರ್ತಿ ಮಾತು ‘ಮಲ್ಟಿಪ್ಲೈಡ್ ಬೈ’ ಮತ್ತು ‘ಡಿವೈಡೆಡ್ ಬೈ’ ಎಂದು. ಕೆಲಸ ಮಾಡುವುದು ಕ್ರಿಯಾಪದ, ‘ಬೈ’ ಎಷ್ಟರಿಂದ ಎಂಬುದನ್ನು ಮಾತ್ರ ತೋರಿಸುತ್ತದೆ. ‘ಬೈ ಟೂ’ ಎನ್ನುವಲ್ಲಿ ನಾವು ಕ್ರಿಯಾಪದವನ್ನು ನುಂಗಿ ಪ್ರಿಪೊಸಿಷನ್ನನ್ನು ಉಳಿಸಿಕೊಂಡಿದ್ದೇವೆ. ಸೈಟಿನ 30 ಅಡಿಗೂ 40 ಅಡಿಗೂ ನಡುವೆ ನಿಲ್ಲುವ ‘ಬೈ’ ಇಂಗ್ಲೆಂಡಿನಲ್ಲೂ ಹೀಗೆಯೇ ನಡೆಯುತ್ತದೆ. ಅದು ಒಂದು ಬದಿಯ ಪಕ್ಕಕ್ಕೆ ಇನ್ನೊಂದು ಬದಿಯನ್ನು ಇಡುವುದು, 1,200 ಚದರ ಅಡಿ ಎಂಬ ಲೆಕ್ಕ ನಾವು ಆಮೇಲೆ ಮಾಡಿಕೊಳ್ಳುವುದು. ಆದರೆ ಅರ್ಧವನ್ನು ‘ಒನ್ ಬೈ ಟೂ’ ಎಂದು ಓದುವುದು ನಮ್ಮ ಶಾಲೆಗಳ ರೂಢಿ; ಅಲ್ಲಿಯವರು ‘ಹಾಫ್’ ಎನ್ನುತ್ತಾರೆ, ಗಣಿತದ ಪಾಠದಲ್ಲಾದರೆ ‘ಒನ್ ಓವರ್ ಟೂ’. ಲಂಡನ್ನಿನ ಹೋಟೆಲಿನಲ್ಲಿ ‘ಬೈ ಟೂ ಕಾಫಿ’ ಕೇಳಿದರೆ ಎರಡು ಕಾಫಿ ಕೊಳ್ಳಲು ಬಂದಿದ್ದೀರಿ ಎಂದುಕೊಂಡಾರು, ಏಕೆಂದರೆ ಕೊಳ್ಳುವುದಕ್ಕೂ ಅವರಲ್ಲಿ ಅದೇ ಉಚ್ಚಾರ. ಸರ್ವೆ ನಂಬರಿನ ಓರೆ ಗೆರೆಯನ್ನು ‘ಬೈ’ ಎಂದು ಓದುವುದೂ ಇಲ್ಲಿಯದೇ, ಅವರು ಅದನ್ನು ‘ಸ್ಲ್ಯಾಶ್’ ಅಥವಾ ‘ಸ್ಟ್ರೋಕ್’ ಎಂದು ಓದುತ್ತಾರೆ.

ನಿಮ್ಮ ಕಸುಬಿಗೆ ಹತ್ತಿರದ ಇನ್ನೊಂದು ಬಳಕೆಯನ್ನೂ ಹೇಳಿಬಿಡುತ್ತೇನೆ. ಮೆಕ್ಕೆಜೋಳದ ಧಾರಣೆ ಕ್ವಿಂಟಲಿಗೆ 2,000 ಇದ್ದದ್ದು 2,100 ಆಯಿತೆನ್ನಿ. ನೂರು ರೂಪಾಯಿ ಏರಿತು ಎಂದರೆ ‘ಬೈ 100’. 2,100ಕ್ಕೆ ಏರಿತು ಎಂದರೆ ‘ಟು 2,100’. ಎಷ್ಟು ಏರಿತು ಎಂಬುದಕ್ಕೆ ಕನ್ನಡದಲ್ಲಿ ಪ್ರತ್ಯಯವೇ ಬೇಡ, ಎಲ್ಲಿಗೆ ಏರಿತು ಎಂಬುದಕ್ಕೆ ‘ಗೆ’ ಅಥವಾ ‘ಕ್ಕೆ’ ಬೇಕು. ಇಂಗ್ಲಿಷ್ ಸುದ್ದಿಯನ್ನು ಕನ್ನಡಿಸುವವರು ಈ ಎರಡನ್ನು ಅದಲುಬದಲು ಮಾಡಿ ಶೇಕಡಾ 5ರಷ್ಟು ಏರಿದ ಬಡ್ಡಿಯನ್ನು ಶೇಕಡಾ 5ಕ್ಕೆ ಏರಿಸಿಬಿಡುವುದುಂಟು. ಸಾಲ ಮಾಡಿದವರಿಗೆ ಅದು ಸಣ್ಣ ತಪ್ಪಲ್ಲ. ಮೊಳದ ಲೆಕ್ಕದಲ್ಲಿ ಹೂವು, ಕಿಲೋ ಲೆಕ್ಕದಲ್ಲಿ ಈರುಳ್ಳಿ ಎಂಬಲ್ಲಿಯ ‘ಲೆಕ್ಕದಲ್ಲಿ’ಗೂ ಇಂಗ್ಲಿಷಿನಲ್ಲಿ ‘ಬೈ’ಯೇ, ಆಗ ಅದರ ಮುಂದೆ ‘ದಿ’ ಬಿಡುವಂತಿಲ್ಲ: ‘ಬೈ ದಿ ಕಿಲೋ’.

ಪ್ರಶ್ನೆ: ಮನೆ ಬಾಡಿಗೆಯ ಜಾಹೀರಾತಿನಲ್ಲಿ ‘ಬೈ ದಿ ಲೇಕ್’ ಎಂದಿತ್ತು. ಹೋಗಿ ನೋಡಿದರೆ ಕುಂದವಾಡ ಕೆರೆ ಅಲ್ಲಿಂದ ಕಾಣಿಸುವುದೂ ಇಲ್ಲ. ಇದು ಭಾಷೆಯ ತಪ್ಪೋ, ಮೋಸವೋ?
– ಗೃಹಿಣಿ, ದಾವಣಗೆರೆ

ಉತ್ತರ: ಮೋಸದ ತೀರ್ಮಾನ ನಿಮಗೇ ಬಿಟ್ಟದ್ದು, ಭಾಷೆಯಂತೂ ತಪ್ಪು ತಾಯಿ. ‘ನಿಯರ್ ದಿ ಲೇಕ್’ ಎಂದಿದ್ದರೆ ಒಂದು ಕಿಲೋಮೀಟರ್ ದೂರವನ್ನೂ ಸಹಿಸಿಕೊಳ್ಳಬಹುದಿತ್ತು. ‘ಬೈ’ ಎಂದರೆ ಮಗ್ಗುಲಲ್ಲೇ ಇರಬೇಕು, ಕೆರೆಯ ವಿಷಯದಲ್ಲಿ ದಂಡೆಯಲ್ಲೇ. ಊರುಗಳಿಗೆ ಇದು ಹೊಂದುವುದಿಲ್ಲ, ಹರಿಹರ ದಾವಣಗೆರೆಗೆ ‘ನಿಯರ್’ ಹೊರತು ‘ಬೈ’ ಅಲ್ಲ.

ಈ ಪದದ ಮೂಲ ಅರ್ಥವೇ ಪಕ್ಕ, ಬಳಿ ಎಂಬುದು. ಹಳೆಯ ಇಂಗ್ಲಿಷಿನಲ್ಲಿ ಅದು ‘ಬಿ’ ಎಂದಿತ್ತು, ಜರ್ಮನ್ ಭಾಷೆಯಲ್ಲಿ ಅದರ ಒಡಹುಟ್ಟು ‘ಬೈ’ ಇಂದಿಗೂ ಬಳಿ ಎಂಬ ಅರ್ಥದಲ್ಲೇ ಇದೆ. ಯಾರಿಂದ ಎಂಬ ಅರ್ಥ ಅದಕ್ಕೆ ಅಂಟಿಕೊಂಡದ್ದು ತಡವಾಗಿ. ಅದಕ್ಕೂ ಮುಂಚೆ ಕೆಲಸ ಮಾಡಿದವರನ್ನು ಸೂಚಿಸಲು ‘ಆಫ್’, ‘ಫ್ರಮ್’ ಮುಂತಾದವು ಹೆಚ್ಚು ಬಳಕೆಯಲ್ಲಿದ್ದವು. ಊರಿನ ಪಕ್ಕದಿಂದ ಹಾಯುವ ಬೈಪಾಸ್ ಮತ್ತು ಸಾರ್ವತ್ರಿಕ ಚುನಾವಣೆಯ ಪಕ್ಕದ್ದಾದ ‘ಬೈ ಎಲೆಕ್ಷನ್’ ಎರಡರಲ್ಲೂ ಆ ಹಳೆಯ ಅರ್ಥ ಉಳಿದಿದೆ. ‘ಬೈ ಮೈಸೆಲ್ಫ್’ ಎಂದರೆ ನನ್ನ ಪಕ್ಕದಲ್ಲಿ ನಾನೇ, ಅಂದರೆ ಒಬ್ಬಳೇ.

ಪ್ರಶ್ನೆ: ನಮ್ಮ ಸಹಕಾರ ಸಂಘದ ‘ಬೈಲಾ’ದಲ್ಲಿರುವುದೂ ಇದೇ ‘ಬೈ’ಯೇ?
– ಸಂಘದ ನಿರ್ದೇಶಕರು, ಚಳ್ಳಕೆರೆ

ಉತ್ತರ: ಹಾಗೆ ಕಾಣುತ್ತದೆ, ಆದರೆ ವಿದ್ವಾಂಸರ ಒಲವು ಬೇರೆ ಕಡೆಗಿದೆ. ಊರು ಎಂಬ ಅರ್ಥದ, ಸ್ಕ್ಯಾಂಡಿನೇವಿಯಾದ ಪ್ರಾಚೀನ ಭಾಷೆಯಾದ ಹಳೆಯ ನಾರ್ಸ್‌ನ ಪದವೊಂದರಿಂದ ಅದು ಬಂದಿರಬೇಕೆಂಬುದು ನಿಘಂಟುಕಾರರ ಅಭಿಪ್ರಾಯ. ಇಂಗ್ಲೆಂಡಿನ ಡರ್ಬಿ, ವಿಟ್ಬಿ ಎಂಬ ಊರ ಹೆಸರುಗಳ ಕೊನೆಯಲ್ಲಿರುವುದೂ ಅದೇ ಪದ. ಹಾಗಾಗಿ ಬೈಲಾ ಎಂದರೆ ಊರವರು ತಮಗೆ ತಾವೇ ಮಾಡಿಕೊಂಡ ಕಟ್ಟಳೆ. ಬೀಳ್ಕೊಡುವಾಗ ಹೇಳುವ ‘ಬೈ’ಗೂ ಈ ಪ್ರಿಪೊಸಿಷನ್ನಿಗೂ ಸಂಬಂಧವಿಲ್ಲ, ಅದು ‘ಗಾಡ್ ಬಿ ವಿತ್ ಯೂ’ ಎಂಬ ಹರಕೆ ಸವೆದು ‘ಗುಡ್‌ಬೈ’ ಆಗಿ ಉಳಿದ ತುಣುಕು.